ಗಾಂಧಿನಗರದಿಂದ ಫ್ಲಾಂಡರ್ಸ್‌ಗೆ: ಎಡಿಟರ್‌ಗೆ ಬೇಕಾದ ಕಿವಿ

ಪ್ರಶ್ನೆ: ನನ್ನ ಊರು ಹುಬ್ಬಳ್ಳಿ, ವಯಸ್ಸು 31. ಬೆಂಗಳೂರಿನಲ್ಲಿ ಏಳು ವರ್ಷ ಎಡಿಟಿಂಗ್ ಮಾಡಿದೆ. ಸ್ಪಾಟ್ ಎಡಿಟರ್ ಆಗಿ ಶುರು, ಆಮೇಲೆ ಅಸಿಸ್ಟೆಂಟ್, ಕೊನೆಗೆ ಎರಡು ಸಣ್ಣ ಬಜೆಟ್ಟಿನ ಸಿನಿಮಾಗಳಿಗೆ ಎಡಿಟರ್ ಎಂದೇ ಹೆಸರು ಬಂತು. ಗಂಡನಿಗೆ ಲೂವೆನ್‌ನಲ್ಲಿ ಚಿಪ್ ಸಂಶೋಧನೆಯ ಕೆಲಸ ಸಿಕ್ಕಿ ಬೆಲ್ಜಿಯಂಗೆ ಬಂದು ಒಂದೂವರೆ ವರ್ಷವಾಯಿತು. ಇಲ್ಲೊಂದು ಮರುಪ್ರದರ್ಶನದಲ್ಲಿ 'ಕ್ಲೋಸ್' ನೋಡಿದ ಮೇಲೆ ಇಂಥ ಸಿನಿಮಾ ಎಡಿಟ್ ಮಾಡಬೇಕು ಅನ್ನುವುದೊಂದೇ ತಲೆಯಲ್ಲಿದೆ. ಡಚ್ ಭಾಷೆಯಲ್ಲಿ ಎ2, ಅಂದರೆ ಆರಂಭದ ಎರಡನೆಯ ಹಂತ, ಮುಗಿಸಿದ್ದೇನೆ. ಪರಿಚಯದವರೊಬ್ಬರು "ಬೆಲ್ಜಿಯಂ ಸಿನಿಮಾಗೆ ಫ್ರೆಂಚ್ ಇದ್ದರಾಯಿತು, ಎಡಿಟಿಂಗ್‌ಗೆ ಭಾಷೆ ಅಷ್ಟೇನೂ ಬೇಡ" ಎನ್ನುತ್ತಾರೆ. ಇನ್ನೊಬ್ಬರು "ಸರ್ಕಾರದ ಫಿಲ್ಮ್ ಫಂಡ್‌ಗೆ ಅರ್ಜಿ ಹಾಕಿ, ಅವರೇ ಕೆಲಸ ಕೊಡಿಸುತ್ತಾರೆ" ಎನ್ನುತ್ತಾರೆ. ಈ ವಯಸ್ಸಿನಲ್ಲಿ ಮತ್ತೆ ಫಿಲ್ಮ್ ಸ್ಕೂಲಿಗೆ ಸೇರಬೇಕೇ? ಒಂದು ಕಂಪನಿಯವರು ಆರು ತಿಂಗಳು ಸಂಬಳವಿಲ್ಲದೆ ಟ್ರಯಲ್ ಮಾಡಿ ಎಂದಿದ್ದಾರೆ, ಒಪ್ಪಲೇ? ಯಾರಾದರೂ "ನೀವೇನು ಮಾಡುತ್ತೀರಿ" ಎಂದರೆ ಈಗ ಬಾಯಿ ಕಟ್ಟುತ್ತದೆ.

ಉತ್ತರ: ನಿಮ್ಮ ಪತ್ರದಲ್ಲಿ ನಾಲ್ಕೈದು ಪ್ರಶ್ನೆಗಳಿವೆ, ಆದರೆ ಅವುಗಳ ಅಡಿಯಲ್ಲಿರುವ ಅಳುಕು ಒಂದೇ: ಏಳು ವರ್ಷ ಕಣ್ಣು ಕೆಂಪಗಾಗಿಸಿಕೊಂಡು ಕಲಿತ ಕೆಲಸ ಈ ದೇಶದಲ್ಲಿ ಲೆಕ್ಕಕ್ಕೆ ಬರುತ್ತದೋ ಇಲ್ಲವೋ. ಖಂಡಿತ ಬರುತ್ತದೆ. ನಾನು ಹನ್ನೆರಡು ವರ್ಷದಿಂದ ಬ್ರಸೆಲ್ಸ್‌ನ ಎಡಿಟಿಂಗ್ ಕೋಣೆಗಳಲ್ಲಿ, ಹೆಚ್ಚಾಗಿ ಸಾಕ್ಷ್ಯಚಿತ್ರಗಳ ಮೇಲೆ ಕೆಲಸ ಮಾಡುತ್ತಿದ್ದೇನೆ. ಬಂದ ಹೊಸತರಲ್ಲಿ ನನಗೂ ಇದೇ ಅಳುಕಿತ್ತು. ನಿಮ್ಮ ಕೈ ಪಳಗಿದೆ. ಇಲ್ಲಿಗೆ ಪಳಗಬೇಕಾದದ್ದು ಕಿವಿ. ಅದಕ್ಕೆ ಎರಡು ಮೂರು ವರ್ಷ ಹಿಡಿಯುತ್ತದೆ, ಆ ಅವಧಿಯನ್ನು ಹೇಗೆ ದಾಟುವುದು ಎನ್ನುವುದೇ ನಿಮ್ಮ ಮುಂದಿರುವ ನಿಜವಾದ ಪ್ರಶ್ನೆ.

ಮೊದಲು "ಬೆಲ್ಜಿಯಂ ಸಿನಿಮಾ" ಅನ್ನುವ ಮಾತನ್ನೇ ಬಿಡಿಸಿ ನೋಡೋಣ. ಹಾಗೊಂದು ಉದ್ಯಮ ಇಲ್ಲ, ಇರುವುದು ಎರಡು. ಡಚ್ ಮಾತನಾಡುವ ಫ್ಲಾಂಡರ್ಸ್‌ಗೆ ಒಂದು, ಫ್ರೆಂಚ್ ಮಾತನಾಡುವ ವಲೋನಿಯಾಗೆ ಇನ್ನೊಂದು. ಬ್ರಸೆಲ್ಸ್‌ನಲ್ಲಿ ಎರಡೂ ಅಕ್ಕಪಕ್ಕ ಇರುತ್ತವೆ. ಸಂಸ್ಕೃತಿಯ ಖಾತೆ ಇಲ್ಲಿ ಭಾಷಾ ಸಮುದಾಯಗಳ ಕೈಯಲ್ಲಿರುವುದರಿಂದ ಹಣ ಕೊಡುವವರು ಬೇರೆ, ಶಾಲೆಗಳು ಬೇರೆ, ತಂತ್ರಜ್ಞರ ಬಳಗವೂ ಬಹುಮಟ್ಟಿಗೆ ಬೇರೆ. ಬೆಲ್ಜಿಯಂನ ಹೆಸರಾಂತ ನಿರ್ದೇಶಕರಾದ ದಾರ್ದೆನ್ ಸಹೋದರರ ಚಿತ್ರಗಳನ್ನು ಬಹುಕಾಲದಿಂದ ಎಡಿಟ್ ಮಾಡುತ್ತ ಬಂದ ಮರಿ-ಎಲೆನ್ ದೋಜೊ ಫ್ರೆಂಚ್ ಕಡೆಯವರು. ನೀವು ನೋಡಿದ 'ಕ್ಲೋಸ್' ಫ್ಲೆಮಿಷ್ (ಅಂದರೆ ಫ್ಲಾಂಡರ್ಸ್‌ನ) ನಿರ್ದೇಶಕ ಲುಕಾಸ್ ಡೋಂಟ್ ಅವರದು, ಊರು ಗೆಂಟ್. ಆದರೂ ಅದರಲ್ಲಿ ಹೆಚ್ಚು ಕೇಳಿಬರುವುದು ಫ್ರೆಂಚ್. ನಿಮ್ಮ ಪರಿಚಯದವರು ದಾರಿ ತಪ್ಪಿದ್ದು ಇಲ್ಲೇ ಇರಬೇಕು. ತೆರೆಯ ಮೇಲಿನ ಭಾಷೆ ಒಂದು, ಎಡಿಟಿಂಗ್ ಕೋಣೆಯಲ್ಲಿ ನಿರ್ದೇಶಕರೂ ಎಡಿಟರೂ ಜಗಳವಾಡುವ ಭಾಷೆ ಇನ್ನೊಂದು ಆಗಬಹುದು. ನೀವಿರುವುದು ಫ್ಲಾಂಡರ್ಸ್‌ನ ಲೂವೆನ್‌ನಲ್ಲಿ, ಕೈಯಲ್ಲಿ ಡಚ್ ಎ2 ಇದೆ. ಅದನ್ನೇ ಗಟ್ಟಿ ಮಾಡಿಕೊಳ್ಳಿ. ರಶಸ್‌ನಲ್ಲಿ (ಚಿತ್ರೀಕರಿಸಿದ ಕಚ್ಚಾ ತುಣುಕುಗಳಲ್ಲಿ) ಯಾರು ಏನು ಹೇಳುತ್ತಿದ್ದಾರೆ ಎಂದು ತಿಳಿಯುವಷ್ಟು ಫ್ರೆಂಚ್ ಆಮೇಲೆ ಸೇರಿಸಿಕೊಂಡರಾಯಿತು.

ಎರಡನೆಯ ತಪ್ಪು ಕಲ್ಪನೆ ಫಂಡ್‌ನದು. ಇಲ್ಲಿ ಎಲ್ಲರೂ 'ವಾಫ್' ಎಂದು ಕರೆಯುವ ಫ್ಲೆಮಿಷ್ ಆಡಿಯೊವಿಷುವಲ್ ನಿಧಿ 2002ರಲ್ಲಿ ಶುರುವಾಯಿತು. ಅದು ಯೋಜನೆಗಳಿಗೆ ಹಣ ಕೊಡುತ್ತದೆಯೇ ಹೊರತು ಯಾರಿಗೂ ಕೆಲಸ ಕೊಡಿಸುವುದಿಲ್ಲ. ಸಿನಿಮಾ ತಯಾರಿಕೆಗೆ ಅರ್ಜಿ ಹಾಕುವುದು ನಿರ್ಮಾಣ ಸಂಸ್ಥೆ. ಎಡಿಟರ್‌ನ ಹೆಸರು ಆ ಅರ್ಜಿಯೊಳಗಿನ ಒಂದು ಸಾಲು. ಆ ಸಾಲಿನಲ್ಲಿ ನಿಮ್ಮ ಹೆಸರು ಬರೆಯುವವರು ನಿರ್ದೇಶಕರು, ಒಪ್ಪುವವರು ನಿರ್ಮಾಪಕರು.

ನಿರ್ಮಾಪಕರು ಒಪ್ಪುವಾಗ ಪ್ರತಿಭೆಯ ಜೊತೆ ಭೂಗೋಳವನ್ನೂ ನೋಡುತ್ತಾರೆ. ಫ್ಲಾಂಡರ್ಸ್‌ನ ಜನಸಂಖ್ಯೆ ಸುಮಾರು 68 ಲಕ್ಷ, ಬೆಂಗಳೂರಿನ ಅರ್ಧದಷ್ಟು. ಅಷ್ಟು ಪ್ರೇಕ್ಷಕರ ಟಿಕೆಟ್ ದುಡ್ಡಿನಿಂದಲೇ ಸಿನಿಮಾ ಎದ್ದು ನಿಲ್ಲುವುದು ಕಷ್ಟ. ಹಾಗಾಗಿ ವಾಫ್ ಹಣ, ಬೆಲ್ಜಿಯಂನ ಕಂಪನಿಗಳು ತೆರಿಗೆ ರಿಯಾಯಿತಿಗಾಗಿ ಸಿನಿಮಾದಲ್ಲಿ ಹೂಡುವ 'ಟ್ಯಾಕ್ಸ್ ಶೆಲ್ಟರ್' ಹಣ (ಇದು 2003ರಿಂದ ಇದೆ), ನೆದರ್‌ಲ್ಯಾಂಡ್ಸ್ ಅಥವಾ ಫ್ರಾನ್ಸ್‌ನ ಸಹನಿರ್ಮಾಪಕರು, ಹೀಗೆ ನಾಲ್ಕು ಕಡೆಯಿಂದ ಕೂಡಿಸುತ್ತಾರೆ. ಪ್ರತಿ ಹಣಕ್ಕೂ "ಇಷ್ಟು ನಮ್ಮಲ್ಲೇ ಖರ್ಚಾಗಬೇಕು" ಎನ್ನುವ ಕರಾರು ಅಂಟಿಕೊಂಡಿರುತ್ತದೆ. ಛಾಯಾಗ್ರಾಹಕ ಆಮ್‌ಸ್ಟರ್‌ಡ್ಯಾಮ್‌ನವರು, ಸೌಂಡ್ ಮಿಕ್ಸ್ ಲಕ್ಸೆಂಬರ್ಗ್‌ನಲ್ಲಿ ಎಂದಾಗುವುದು ಇದರಿಂದಲೇ. ಎಡಿಟರ್ ಆಯ್ಕೆಯೂ ಕೆಲವೊಮ್ಮೆ ಈ ಲೆಕ್ಕಕ್ಕೆ ಸಿಕ್ಕಿಕೊಳ್ಳುತ್ತದೆ. ಹತ್ತು ಮೇಲ್ ಹಾಕಿ ಒಂದಕ್ಕೂ ಉತ್ತರ ಬರದಿದ್ದರೆ ನಿಮ್ಮ ಶೋರೀಲ್ (ಕೆಲಸದ ಮಾದರಿ ತುಣುಕುಗಳು) ಚೆನ್ನಾಗಿಲ್ಲ ಎಂದುಕೊಳ್ಳಬೇಡಿ. ಎಷ್ಟೋ ಸಲ ಆ ಜಾಗ ಆಗಲೇ ಬೇರೆ ದೇಶದ ಪಾಲಿಗೆ ಹೋಗಿರುತ್ತದೆ. ಆದರೆ ಇದೇ ಲೆಕ್ಕ ನಿಮ್ಮ ಪರವಾಗಿಯೂ ತಿರುಗುತ್ತದೆ. ನೀವು ಫ್ಲಾಂಡರ್ಸ್‌ನಲ್ಲಿ ವಾಸವಾಗಿ, ಇಲ್ಲೇ ತೆರಿಗೆ ಕಟ್ಟುವವರು. ನಿಮಗೆ ಕೊಟ್ಟ ಸಂಬಳ ಇಲ್ಲಿನ ಖರ್ಚಿಗೇ ಸೇರುತ್ತದೆ.

ಈಗ ಮುಖ್ಯ ವಿಷಯಕ್ಕೆ ಬರುತ್ತೇನೆ. ಇಲ್ಲಿ ಎಡಿಟರ್ ಆಗಿ ಹೆಸರು ಮಾಡಿದವರ ಕೆಲಸವನ್ನು ವರ್ಷದ ಪ್ರಕಾರ ಜೋಡಿಸಿ ನೋಡಿ. ನಿಕೊ ಲೂನೆನ್ ಅವರನ್ನೇ ತೆಗೆದುಕೊಳ್ಳಿ. ಫೆಲಿಕ್ಸ್ ವಾನ್ ಗ್ರೂನಿಂಗೆನ್ ಅವರ 2009ರ 'ದೆ ಹೆಲಾಸ್‌ಹೈಡ್ ದೆರ್ ದಿಂಗೆನ್', 2012ರ 'ದ ಬ್ರೋಕನ್ ಸರ್ಕಲ್ ಬ್ರೇಕ್‌ಡೌನ್', 2016ರ 'ಬೆಲ್ಜಿಕಾ', ಆಮೇಲೆ ಅಮೆರಿಕದಲ್ಲಿ ತೆಗೆದ 2018ರ 'ಬ್ಯೂಟಿಫುಲ್ ಬಾಯ್', 2022ರ 'ಲೆ ಒಟ್ಟೊ ಮೊಂಟಾನೆ', ಎಲ್ಲದಕ್ಕೂ ಅವರೇ ಎಡಿಟರ್. ಕೊನೆಯದನ್ನು ವಾನ್ ಗ್ರೂನಿಂಗೆನ್ ಅವರು ಶಾರ್ಲೊಟ್ ವಾಂಡರ್‌ಮೇರ್ಶ್ ಅವರೊಂದಿಗೆ ನಿರ್ದೇಶಿಸಿದರು. ಅದರ ಮಾತು ಇಟಾಲಿಯನ್, ಬೆಟ್ಟವೂ ಇಟಲಿಯದು. "ಹಾಗಿದ್ದರೆ ಭಾಷೆ ಬೇಡವೆಂದಾಯಿತಲ್ಲ" ಎಂದು ನೀವು ಕೇಳಬಹುದು. ಇಟಾಲಿಯನ್ ಸಿನಿಮಾ ಅವರ ಕೈಗೆ ಬಂದಾಗ ಆ ನಿರ್ದೇಶಕರ ಜೊತೆ ಹಲವು ವರ್ಷಗಳ ಒಡನಾಟ ಬೆನ್ನಿಗಿತ್ತು. ಅಂಥ ನಂಬಿಕೆ ಇದ್ದಲ್ಲಿ ಸಬ್‌ಟೈಟಲ್, ಅನುವಾದಕರು ಎಲ್ಲವನ್ನೂ ಹೊಂದಿಸಿಕೊಳ್ಳಬಹುದು. ನಂಬಿಕೆ ಹುಟ್ಟುವ ಮೊದಲು ಆ ಸೌಲಭ್ಯ ಯಾರಿಗೂ ಸಿಗದು.

ಅಲೇನ್ ಡೆಸೊವಾಜ್ ಇನ್ನೊಂದು ಉದಾಹರಣೆ. ಮಿಖಾಯೆಲ್ ರೋಸ್ಕಾಮ್ ಅವರ ಮೊದಲ ಫೀಚರ್ (ಪೂರ್ಣಾವಧಿ ಕಥಾಚಿತ್ರ) 'ರುಂಡ್ಸ್‌ಕಾಪ್' (2011) ಅವರ ಎಡಿಟಿಂಗ್, ಅದು ಆಸ್ಕರ್ ನಾಮನಿರ್ದೇಶನದವರೆಗೆ ಹೋಯಿತು. ಲುಕಾಸ್ ಡೋಂಟ್ ಅವರ ಮೊದಲ ಫೀಚರ್ 'ಗರ್ಲ್' (2018) ಕೂಡ ಅವರದೇ, ಅದಕ್ಕೆ ಕಾನ್ ಚಿತ್ರೋತ್ಸವದಲ್ಲಿ ಚೊಚ್ಚಲ ಚಿತ್ರಕ್ಕೆ ಕೊಡುವ 'ಕ್ಯಾಮೆರಾ ಡಿಓರ್' ಬಂತು. ನಿಮ್ಮ ನಿದ್ದೆ ಕೆಡಿಸಿದ 'ಕ್ಲೋಸ್' (2022) ಅದೇ ಜೋಡಿಯ ಎರಡನೆಯ ಫೀಚರ್, ಕಾನ್‌ನ ಗ್ರ್ಯಾಂಡ್ ಪ್ರಿ ಪಡೆದದ್ದು. ಆ ಎರಡು ಚೊಚ್ಚಲ ಚಿತ್ರಗಳಲ್ಲೂ ಅವರು ಕೂತದ್ದು ಆಗಿನ್ನೂ ಹೊಸಬರಾಗಿದ್ದ ನಿರ್ದೇಶಕರ ಪಕ್ಕದಲ್ಲಿ ಎನ್ನುವುದನ್ನು ಗಮನಿಸಿ. ಬಳಗ ಎಷ್ಟು ಚಿಕ್ಕದೆಂದರೆ, 1992ರ 'ಡಾನ್ಸ್' (Daens) ಸಿನಿಮಾ ಎಡಿಟ್ ಮಾಡಿದ ಲೂಡೊ ಟ್ರೊಖ್ ಅವರ ಮಗಳು ಫೀನ್ ಟ್ರೊಖ್ ಇಂದು ಹೆಸರಾಂತ ನಿರ್ದೇಶಕಿ, ಅವರ ಪತಿ ಇದೇ ನಿಕೊ ಲೂನೆನ್. ಇಲ್ಲಿ ನಿಮ್ಮ ಬಗ್ಗೆ ಒಳ್ಳೆಯ ಮಾತು ಹರಡಲು ತಿಂಗಳೂ ಬೇಡ, ಕೆಟ್ಟದ್ದು ಹರಡಲೂ ಬೇಡ.

ಜೋಡಿಗಳು ಹೀಗೆ ಗಟ್ಟಿಯಾಗುವುದಕ್ಕೆ ಕಾರಣ ಕೆಲಸದ ರೀತಿಯಲ್ಲೇ ಇದೆ. ಗಾಂಧಿನಗರದಲ್ಲಿ ಬಿಡುಗಡೆ ದಿನ ಮೊದಲೇ ಗೊತ್ತಾಗಿ, ರೀಲ್ ರೀಲ್ ಆಗಿ ಡಬ್ಬಿಂಗ್‌ಗೆ ಕಳಿಸುತ್ತ, ಮೂರು ಕೆಲಸ ಒಟ್ಟಿಗೆ ಓಡುವುದನ್ನು ನೀವು ಕಂಡಿದ್ದೀರಿ. ಇಲ್ಲಿ ಒಂದು ಫೀಚರ್‌ಗೆ ಮೂರು ನಾಲ್ಕು ತಿಂಗಳು ಒಂದೇ ಕೋಣೆಯಲ್ಲಿ ನಿರ್ದೇಶಕರೊಂದಿಗೆ ಕೂರಬೇಕಾಗುತ್ತದೆ, ಸಾಕ್ಷ್ಯಚಿತ್ರವಾದರೆ ಇನ್ನೂ ಹೆಚ್ಚು. ಸ್ಕ್ರಿಪ್ಟ್ ಬದಿಗಿಟ್ಟು ಸಿನಿಮಾವನ್ನು ಮತ್ತೆ ಮೊದಲಿಂದ ಕಟ್ಟುವ ಸ್ವಾತಂತ್ರ್ಯ ಎಡಿಟರ್‌ಗೆ ಇರುತ್ತದೆ. ಆ ಸ್ವಾತಂತ್ರ್ಯವನ್ನು ಯಾರಿಗೂ ಸಿವಿ ನೋಡಿ ಕೊಡುವುದಿಲ್ಲ.

ಇನ್ನು ಕಿವಿಯ ವಿಷಯ. ಇಲ್ಲಿ ಸಿಂಕ್ ಸೌಂಡ್‌ನದೇ ರೂಢಿ. ಚಿತ್ರೀಕರಣದ ದಿನ ನಟಿಯ ಗಂಟಲಲ್ಲಿ ಹುಟ್ಟಿದ ದನಿಯೇ ಕೊನೆಯವರೆಗೆ ಉಳಿಯುವಂಥದ್ದು. ಡಬ್ಬಿಂಗ್‌ನಲ್ಲಿ ಸರಿ ಮಾಡೋಣ ಎಂದು ಮುಖ ನೋಡಿ ಟೇಕ್ ಆರಿಸುವ ಅಭ್ಯಾಸ ನಿಮಗಿದ್ದರೆ, ನನಗಿತ್ತು, ಅದನ್ನು ಬಿಡಬೇಕು. ಟೇಕ್ ಆರಿಸುವಾಗ ಕಣ್ಣು ಮುಚ್ಚಿ ಒಮ್ಮೆ ಕೇಳಿ.

ನನ್ನದೇ ಒಂದು ತಪ್ಪು ಹೇಳುತ್ತೇನೆ. ಮೊದಲ ವರ್ಷ, ಪಶ್ಚಿಮ ಫ್ಲಾಂಡರ್ಸ್‌ನ ವಯಸ್ಸಾದ ರೈತರೊಬ್ಬರ ಮೇಲಿನ ಸಾಕ್ಷ್ಯಚಿತ್ರ. ಅಧಿಕಾರಿಯೊಬ್ಬರು ಜಮೀನಿನ ಹೊಸ ನಿಯಮ ವಿವರಿಸುತ್ತಾರೆ, ರೈತರು ತಲೆ ತಗ್ಗಿಸಿಕೊಂಡೇ "ಯಾ ಯಾ" ಎನ್ನುತ್ತಾರೆ. ನನ್ನ ಕೈಯಲ್ಲಿದ್ದ ಅನುವಾದದ ಹಾಳೆಯಲ್ಲಿ "ಹೌದು, ಹೌದು" ಎಂದಿತ್ತು. ನಾನು ಅದನ್ನು ಒಪ್ಪಿಗೆ ಎಂದು ತಿಳಿದು ಅಲ್ಲಿಗೇ ಸೀನ್ ಮುಗಿಸಿದೆ, ಹಿಂದೆಯೇ ನೆಮ್ಮದಿಯ ಹೊಲದ ಶಾಟ್ ಇಟ್ಟೆ. ನಿರ್ದೇಶಕಿ ನೋಡಿ ಸ್ವಲ್ಪ ಹೊತ್ತು ಸುಮ್ಮನೆ ಕೂತರು. ಆಮೇಲೆ ಹೇಳಿದರು, "ಅವರು ಒಪ್ಪಿಲ್ಲ. ನಿನ್ನ ಒಂದು ಮಾತನ್ನೂ ನಂಬುವುದಿಲ್ಲ ಎನ್ನುತ್ತಿದ್ದಾರೆ." ನಮ್ಮ ಧಾರವಾಡದ ಕಡೆ ಹಿರಿಯರು ದನಿ ಎಳೆದು "ಆತು ಆತು" ಎಂದರೆ ಏನರ್ಥ ಎಂದು ನನಗೆ ಯಾರೂ ಹೇಳಿಕೊಡಬೇಕಿರಲಿಲ್ಲ. ಅದನ್ನೇ ಇನ್ನೊಂದು ಭಾಷೆಯಲ್ಲಿ ಕೇಳಿಸಿಕೊಳ್ಳಲು ಆಗಿರಲಿಲ್ಲ. ಹಾಳೆ ಸುಳ್ಳು ಹೇಳಿರಲಿಲ್ಲ, ದನಿಯನ್ನು ಹಾಳೆಯಲ್ಲಿ ಬರೆಯಲು ಬರುವುದಿಲ್ಲ ಅಷ್ಟೇ.

ಆದರೆ ಕನ್ನಡದವರಿಗೆ ಈ ಭಾಷೆಯಲ್ಲಿ ಒಂದು ಅನುಕೂಲ ಇದೆ, ಅದನ್ನು ಯಾರೂ ನಿಮಗೆ ಹೇಳಿರಲಾರರು. ಡಚ್‌ನ ಅಧೀನ ವಾಕ್ಯಗಳಲ್ಲಿ ಕ್ರಿಯಾಪದ ನಮ್ಮ ಹಾಗೆಯೇ ಕೊನೆಗೆ ಬರುತ್ತದೆ. "ಏಕೆಂದರೆ" ಎಂದು ಶುರುವಾದ ಮಾತು ಯಾರು, ಯಾರಿಗೆ, ಯಾವಾಗ ಎಲ್ಲ ಹೇಳಿ, ಏನಾಯಿತು ಎನ್ನುವುದನ್ನು ಕಡೆಗೆ ಬಿಡುತ್ತದೆ. ಕ್ರಿಯಾಪದಗಳೇ ಎರಡಾಗಿ ಸೀಳುವುದೂ ಉಂಟು. 'ಇಕ್ ಘೇಫ್ ಹೆಟ್' ಎಂದರೆ 'ನಾನು ಅದನ್ನು ಕೊಡುತ್ತೇನೆ'. ಕೊನೆಗೆ 'ಒಪ್' ಎಂದೊಂದು ಚಿಕ್ಕ ಪದ ಬಿದ್ದರೆ, 'ಇಕ್ ಘೇಫ್ ಹೆಟ್ ಒಪ್', ಅರ್ಥ 'ನಾನು ಕೈಬಿಡುತ್ತೇನೆ'. ಈ ಮಾತು ಕೇಳುತ್ತಿರುವವರ ಮುಖಕ್ಕೆ ನೀವು 'ಒಪ್'ಗೆ ಆರು ಫ್ರೇಮ್ ಮುಂಚೆ ಕಟ್ ಮಾಡಿದರೆ, ಎದುರಿನವರ ಮುಖ ಕುಸಿಯುವುದನ್ನೇ ಕಾಣುತ್ತೀರಿ, ಸುದ್ದಿ ಅವರ ಮುಖದ ಮೇಲೆ ಬೀಳುತ್ತದೆ. ಆರು ಫ್ರೇಮ್ ಆಮೇಲೆ ಮಾಡಿದರೆ, ಹೇಳಿದವರ ಸಂಕಟ ನಮ್ಮಲ್ಲಿ ಉಳಿಯುತ್ತದೆ. ಎರಡೂ ಸರಿಯಾದ ಕಟ್, ಸಿನಿಮಾ ಮಾತ್ರ ಬೇರೆ ಬೇರೆ. ಮಾತಿನ ತುದಿಗಾಗಿ ಕಾಯುವ ಈ ತಾಳ್ಮೆ ಕನ್ನಡ ಸಂಭಾಷಣೆ ಕತ್ತರಿಸಿದ ಕೈಗೆ ಆಗಲೇ ಗೊತ್ತು. ತರಗತಿಯಲ್ಲಿ ಕಲಿಯುವುದು ಪುಸ್ತಕದ ಡಚ್, ಅದೂ ಬೇಕು. ಬಿ2 ತನಕ ಹೋಗಿ, ಲೂವೆನ್‌ನಲ್ಲೇ ವಿಶ್ವವಿದ್ಯಾಲಯದ ಭಾಷಾ ಸಂಸ್ಥೆ ಐಎಲ್‌ಟಿ ಇದೆ. ಅದರ ಜೊತೆ ದಿನಕ್ಕೆ ಅರ್ಧ ಗಂಟೆ ಫ್ಲೆಮಿಷ್ ಧಾರಾವಾಹಿ ಕೇಳಿ. ಆಂಟ್‌ವರ್ಪ್‌ನ ಮಾತು, ಲಿಂಬರ್ಗ್‌ನ ಎಳೆತ, ಪಶ್ಚಿಮ ಫ್ಲಾಂಡರ್ಸ್‌ನ ನುಂಗುವ ಉಚ್ಚಾರ ಒಂದರಂತೆ ಒಂದಿಲ್ಲ. ಕುಂದಾಪುರ, ಕಲಬುರಗಿ, ಮಂಡ್ಯದ ಹಾಗೆಯೇ. ಟಿವಿಯಲ್ಲಿ ಅವರವರ ಮಾತಿಗೇ ಅವರು ಡಚ್ ಸಬ್‌ಟೈಟಲ್ ಹಾಕಿಕೊಳ್ಳುವುದನ್ನು ನೀವೂ ನೋಡಿರುತ್ತೀರಿ.

ಫಿಲ್ಮ್ ಸ್ಕೂಲ್ ಬಗ್ಗೆ ಚಿಕ್ಕದಾಗಿ ಹೇಳಿಬಿಡುತ್ತೇನೆ. ಬ್ರಸೆಲ್ಸ್‌ನಲ್ಲಿ ರಿಟ್ಸ್ ಮತ್ತು ಲೂಕಾ, ಗೆಂಟ್‌ನಲ್ಲಿ ಕಾಸ್ಕ್, ಫ್ರೆಂಚ್ ಕಡೆಗೆ ಇನ್ಸಾಸ್ ಒಳ್ಳೆಯ ಶಾಲೆಗಳು. ಆದರೆ ಏಳು ವರ್ಷ ಟೈಮ್‌ಲೈನ್ ಮೇಲೆ ಬದುಕಿದವರಿಗೆ ಅಲ್ಲಿಂದ ಬೇಕಾದದ್ದು ಪಾಠಕ್ಕಿಂತ ಹೆಚ್ಚಾಗಿ ಸಹಪಾಠಿಗಳು. ಅವರನ್ನು ಶಾಲೆಗೆ ಸೇರದೆಯೂ ಹುಡುಕಬಹುದು. ಡಿಗ್ರಿ ಇಲ್ಲವೆಂದು ನನ್ನನ್ನು ಇಲ್ಲಿ ಯಾರೂ ವಾಪಸ್ ಕಳಿಸಿಲ್ಲ. 31 ತಡವೂ ಅಲ್ಲ, ಮೂವತ್ತರ ನಂತರ ಮೊದಲ ಫೀಚರ್ ಎಡಿಟ್ ಮಾಡಿದವರು ನನ್ನ ಸುತ್ತಲೇ ಇದ್ದಾರೆ.

ನಾನು ನಿಮ್ಮ ಜಾಗದಲ್ಲಿದ್ದರೆ ಮೊದಲು ಹಿಡಿಯುವ ದಾರಿ ಹೊಸ ನಿರ್ದೇಶಕರ ಕಿರುಚಿತ್ರಗಳದು. ನೀವಿರುವ ಊರಲ್ಲೇ ವರ್ಷದ ಕೊನೆಗೆ ಕಿರುಚಿತ್ರೋತ್ಸವ, ಮಾರ್ಚ್‌ನಲ್ಲಿ ಡಾಕ್‌ವಿಲ್ ಸಾಕ್ಷ್ಯಚಿತ್ರೋತ್ಸವ ನಡೆಯುತ್ತವೆ. ಡಿಗ್ರಿ ಮುಗಿಸುವ ವಿದ್ಯಾರ್ಥಿಗಳಲ್ಲಿ ಕೆಲವರಿಗೆ ವಾಫ್ 'ವೈಲ್ಡ್‌ಕಾರ್ಡ್' ಎಂದು ಮುಂದಿನ ಚಿತ್ರಕ್ಕೆ ಹಣ ಕೊಡುತ್ತದೆ. ಅಂಥವರ ಕೈಯಲ್ಲಿ ಹಣವಿರುತ್ತದೆ, ಎಡಿಟರ್ ಇನ್ನೂ ನಿಗದಿಯಾಗಿರದೆ ಇರಬಹುದು. ಪ್ರದರ್ಶನ ಮುಗಿದ ಮೇಲೆ ಹೋಗಿ ಮಾತನಾಡಿಸಿ, ಅವರ ಚಿತ್ರದ ಒಂದು ಕಟ್ ಬಗ್ಗೆ ನಿಮಗನಿಸಿದ್ದನ್ನು ಹೇಳಿ. ಇದರ ಅಪಾಯ ಗೊತ್ತಿರಲಿ: ಸಂಭಾವನೆ ತೀರ ಕಡಿಮೆ, ನಾಲ್ಕು ಕಿರುಚಿತ್ರ ಮಾಡಿದರೆ ಮುಂದಕ್ಕೆ ಹೋಗುವ ನಿರ್ದೇಶಕರು ಒಬ್ಬರು ಸಿಗಬಹುದು, ಸಿಗದೆಯೂ ಇರಬಹುದು.

ಎರಡನೆಯದು ಸಾಕ್ಷ್ಯಚಿತ್ರ ಅಥವಾ ಧಾರಾವಾಹಿಯಲ್ಲಿ ಅಸಿಸ್ಟೆಂಟ್ ಕೆಲಸ. ರಶಸ್‌ನ ಚಿತ್ರಕ್ಕೆ ದನಿ ಹೊಂದಿಸಿ ಸಿಂಕ್ ಮಾಡುವುದು, ಶಾಟ್‌ಗಳನ್ನು ಬಿನ್ ಎನ್ನುವ ಫೋಲ್ಡರ್‌ಗಳಲ್ಲಿ ಜೋಡಿಸುವುದು, ಸೌಂಡ್‌ಗೂ ಬಣ್ಣ ಹೊಂದಿಸುವ ಗ್ರೇಡಿಂಗ್‌ಗೂ ಕಡತ ಕಳಿಸುವುದು, ಇವಕ್ಕೆ ಪುಸ್ತಕದ ಡಚ್ ಸಾಲುತ್ತದೆ. ನಿಮ್ಮ ವೇಗ ಇಲ್ಲಿ ಎಲ್ಲರ ಕಣ್ಣಿಗೆ ಬೀಳುತ್ತದೆ. ಅವಿಡ್ ಎಂಬ ಎಡಿಟಿಂಗ್ ಸಾಫ್ಟ್‌ವೇರ್ ಕೈತಪ್ಪಿದ್ದರೆ ಒಂದು ತಿಂಗಳು ಕೂತು ಮತ್ತೆ ರೂಢಿಸಿಕೊಳ್ಳಿ, ಫೀಚರ್‌ಗಳಲ್ಲಿ ಈಗಲೂ ಅದನ್ನೇ ಹೆಚ್ಚು ಕೇಳುತ್ತಾರೆ. ತೊಂದರೆಯೆಂದರೆ, ಒಳ್ಳೆಯ ಅಸಿಸ್ಟೆಂಟ್ ಎಂದು ಹೆಸರಾದರೆ ಅಲ್ಲೇ ಕೂರಿಸಿಬಿಡುತ್ತಾರೆ. ಎರಡು ವರ್ಷದ ಗಡಿ ಹಾಕಿಕೊಳ್ಳಿ. ಟಿವಿ ರಿಯಾಲಿಟಿ ಕಾರ್ಯಕ್ರಮಗಳಲ್ಲಿ ಹಣ ಚೆನ್ನಾಗಿದೆ, ಕೆಲಸವೂ ಸಾಕಷ್ಟಿದೆ. ಆದರೆ ಅಲ್ಲಿ ಮಾತಿನ ಓಟವೇ ಎಲ್ಲ, ನಿಮ್ಮ ಡಚ್ ಈಗ ಆ ಓಟಕ್ಕೆ ಸಾಲದು. ಮನೆಯಲ್ಲೇ ಕೂತು ಬೆಂಗಳೂರಿನ ಸಿನಿಮಾ ಎಡಿಟ್ ಮಾಡುವುದೂ ಆಗುತ್ತದೆ, ಕೈ ಬಿಸಿಯಾಗಿರುತ್ತದೆ. ಆ ದುಡ್ಡನ್ನು ಇಲ್ಲಿನ ತೆರಿಗೆ ಲೆಕ್ಕದಲ್ಲಿ ತೋರಿಸಬೇಕು, ಅದಕ್ಕಿಂತ ದೊಡ್ಡ ನಷ್ಟವೆಂದರೆ ಅಷ್ಟು ತಿಂಗಳು ನಿಮ್ಮ ಕಿವಿಗೆ ಫ್ಲೆಮಿಷ್ ಬೀಳುವುದಿಲ್ಲ.

ಸಂಬಳವಿಲ್ಲದ ಟ್ರಯಲ್ ಬಗ್ಗೆ ನನ್ನ ಉತ್ತರ ಸ್ಪಷ್ಟ: ಬೇಡ. ಬೆಲ್ಜಿಯಂನ 2005ರ ಕಾಯ್ದೆಯ ಪ್ರಕಾರ ಲಾಭಕ್ಕಾಗಿ ನಡೆಯುವ ಕಂಪನಿಯಲ್ಲಿ ವಾಲಂಟಿಯರ್ ಆಗಿ ದುಡಿಸಿಕೊಳ್ಳುವಂತಿಲ್ಲ. ಅಪಘಾತವಾದರೆ ನಿಮಗೆ ವಿಮೆಯಿಲ್ಲ, ಆರು ತಿಂಗಳು ಕೆಲಸ ಮಾಡಿದ್ದಕ್ಕೆ ದಾಖಲೆಯೂ ಇರುವುದಿಲ್ಲ. ಅವರಿಗೆ ನಿಜವಾಗಿಯೂ ನಿಮ್ಮನ್ನು ಪರೀಕ್ಷಿಸಬೇಕಿದ್ದರೆ ಫ್ಲಾಂಡರ್ಸ್‌ನ ಉದ್ಯೋಗ ಸಂಸ್ಥೆ ವಿಡಿಎಬಿ ಮೂಲಕ 'ಐಬಿಒ' ಎನ್ನುವ ತರಬೇತಿ ಒಪ್ಪಂದ ಇದೆ. ಸಾಮಾನ್ಯವಾಗಿ ಆರು ತಿಂಗಳವರೆಗೆ, ಭತ್ಯೆಯೊಂದಿಗೆ, ಮುಗಿದ ಮೇಲೆ ಕೆಲಸಕ್ಕೆ ತೆಗೆದುಕೊಳ್ಳುವ ಹೊಣೆ ಅವರದು. "ಐಬಿಒ ಮಾಡೋಣವೇ" ಎಂದು ಒಂದು ಮೇಲ್ ಬರೆಯಿರಿ. ಬಂದ ಉತ್ತರದಲ್ಲೇ ಅವರ ಮನಸ್ಸು ಗೊತ್ತಾಗುತ್ತದೆ. ವಿಡಿಎಬಿಯಲ್ಲಿ ಹೆಸರು ನೋಂದಾಯಿಸಲು ಖರ್ಚಿಲ್ಲ, ಈ ವಾರವೇ ಮಾಡಿ.

ನಿಮ್ಮ ವಾಸದ ಕಾರ್ಡನ್ನೂ ಒಮ್ಮೆ ತಿರುಗಿಸಿ ನೋಡಿ. 'ಆರ್ಬೈಟ್ಸ್‌ಮಾರ್ಕ್ಟ್: ಒನ್‌ಬೆಪೆರ್ಕ್ಟ್' (ಉದ್ಯೋಗ ಮಾರುಕಟ್ಟೆ: ನಿರ್ಬಂಧವಿಲ್ಲ) ಎಂದಿದ್ದರೆ ಸಂಬಳದ ಕೆಲಸಕ್ಕೆ ಬೇರೆ ಪರವಾನಗಿ ಬೇಡ. ಸ್ವಂತ ಬಿಲ್ ಹಾಕಿ ಕೆಲಸ ಮಾಡುವ ಮುನ್ನ ಮಾತ್ರ 'ಬೆರೂಪ್ಸ್‌ಕಾರ್ಟ್' ಎನ್ನುವ ವೃತ್ತಿ ಪರವಾನಗಿ ನಿಮಗೆ ಬೇಕೋ ಬೇಡವೋ ಎಂದು ವಿಚಾರಿಸಿಕೊಳ್ಳಿ. ಎಡಿಟರ್‌ಗಳಲ್ಲಿ ಬಹಳ ಮಂದಿ ವಾರಗಳ ಲೆಕ್ಕದ ಸಣ್ಣ ಒಪ್ಪಂದಗಳಲ್ಲೇ ಕೆಲಸ ಮಾಡುವವರು, ಎರಡು ಸಿನಿಮಾ ನಡುವೆ ತಿಂಗಳುಗಟ್ಟಲೆ ಖಾಲಿ ಕೂರುವುದು ಮಾಮೂಲು. ಅದಕ್ಕಾಗಿಯೇ 2024ರ ಜನವರಿಯಿಂದ ಹೊಸ 'ಕುನ್ಸ್ಟ್‌ವೆರ್ಕ್‌ಅಟೆಸ್ಟ್' (ಕಲಾ ಕೆಲಸದ ಪ್ರಮಾಣಪತ್ರ) ಬಂದಿದೆ, ಕಲಾವಿದರ ಜೊತೆಗೆ ಎಡಿಟರ್‌ನಂಥ ತಂತ್ರಜ್ಞರಿಗೂ ಅದು ಸಿಗುತ್ತದೆ. ಅದರಲ್ಲಿ ಭತ್ಯೆಗೆ ಸಲ್ಲುವ ಬಗೆಯದು ಸಿಕ್ಕು, 24 ತಿಂಗಳಲ್ಲಿ 156 ದಿನದ ಕೆಲಸ ತೋರಿಸಿದರೆ, ಕೆಲಸವಿಲ್ಲದ ದಿನಗಳಿಗೆ ಭತ್ಯೆ ಪಡೆಯುವ ದಾರಿ ತೆರೆಯುತ್ತದೆ. ಹಾಗಾಗಿ ಎರಡು ದಿನದ ಕೆಲಸವಾದರೂ ಒಪ್ಪಂದದ ಕಾಗದ ಕೇಳಿ ಪಡೆಯಿರಿ, ಒಂದು ಕಡತದಲ್ಲಿ ಜೋಪಾನವಾಗಿಡಿ. ಮೊದಲ ಎರಡು ವರ್ಷ ಮನೆ ಖರ್ಚು ಬಹುತೇಕ ಒಬ್ಬರ ಸಂಬಳದ ಮೇಲೆ ನಿಲ್ಲುತ್ತದೆ ಎಂದು ಗಂಡನ ಜೊತೆ ಈಗಲೇ ಕೂತು ಮಾತನಾಡಿ. ಈ ಮಾತನ್ನು ಆಡದೆ ಮುಂದೂಡಿ ಕೆಲಸ ಬಿಟ್ಟವರನ್ನು ನಾನು ಕಂಡಿದ್ದೇನೆ.

ಕೊನೆಯದಾಗಿ, ಬಾಯಿ ಕಟ್ಟುವ ಆ ಪ್ರಶ್ನೆ. 'ಇಕ್ ಬೆನ್ ಮೊಂಟೇರ್' ಎಂದು ಮಾತ್ರ ಹೇಳಬೇಡಿ, ಇಲ್ಲಿನವರು ಕಾರು ರಿಪೇರಿ ಅಥವಾ ಬಾಯ್ಲರ್ ಕೂರಿಸುವ ಕೆಲಸ ಎಂದುಕೊಳ್ಳುತ್ತಾರೆ. 'ಇಕ್ ಬೆನ್ ಫಿಲ್ಮ್‌ಮೊಂಟೇರ್' ಎನ್ನಿ. 'ಬೆನ್' ಎಂದರೆ 'ಆಗಿದ್ದೇನೆ'. 'ಆಗಿದ್ದೆ' ಎನ್ನಲು 'ವಾಸ್' ಎಂಬ ಬೇರೆ ಪದವಿದೆ, ಅದು ನಿಮಗೆ ಬೇಡ.